ನಲವತ್ತರ ಮೆಟ್ಟಿಲು

ರಾತ್ರಿ ಹತ್ತೂವರೆಗೆ ಮೊದಲು ವಾಸನೆ ಬರುತ್ತದೆ,
ಹಿಂದೆಯೇ ಪ್ಯೋ ಗಿಲ್‌ರಾನ್.
ಟೊಂಗ್ಯೋಂಗ್ ಬಂದರಿನಲ್ಲಿ ಸಿಂಪಿ ಬಿಡಿಸುವ ಹೆಂಗಸರ ಮೈಗೆ
ಕಡಲು ಹತ್ತಿಕೊಂಡರೆ ಸೋಪಿಗೆ ಜಗ್ಗುವುದಿಲ್ಲ.
ಹದಿನೇಳನೇ ಕುರ್ಚಿ. ಒಂದು ಡಬ್ಬಿ ನೂಡಲ್ಸು, ಮೊಟ್ಟೆ ಬೇಡ.
ಎರಡು ಗಂಟೆಯ ದುಡ್ಡು ಮುಂಗಡ, ನೋಟುಗಳೂ ಒದ್ದೆ.

ಆಟದಲ್ಲಿ ಅವಳ ಹೆಸರು ಹುಳಿಮೂಲಂಗಿ.
ಎರಡು ಕೈಗೆ ಎರಡು ಕೊಡಲಿ, ಗಡ್ಡ ಸೊಂಟದವರೆಗೆ.
ಹಿಮದ ಗುಹೆಯಲ್ಲಿ ಎಲುಬಿನ ಸೈನ್ಯ ಎದ್ದು ಬರುವಾಗ
ಐವತ್ತೆಂಟರ ಹೆಂಗಸು ತುಟಿ ಕಚ್ಚಿ
ಇಲಿಯನ್ನು ಒತ್ತುತ್ತಾಳೆ, ಒತ್ತುತ್ತಾಳೆ,
ಏಟು ಮಾತ್ರ ಅದರದೇ ಗತ್ತಿನಲ್ಲಿ ಬೀಳುತ್ತದೆ.

"ಇನ್ನಷ್ಟು ವೇಗ ಬೇಕು ಚಿಕ್ಕಮ್ಮ" ಅಂದವನು ನಾನೇ,
ಗಲ್ಲಾದ ಹುಡುಗ, ಎಲ್ಲ ಬಲ್ಲವನು.
ಹನ್ನೊಂದು ರಾತ್ರಿ ಕಾದಾಡಿ ಅವಳು ಗಳಿಸಿದ್ದನ್ನೆಲ್ಲ
ಒಂದು ಉಂಗುರಕ್ಕೆ ಸುರಿಸಿದೆ: ಶೇಕಡಾ ಹನ್ನೆರಡು ವೇಗ.
ತೊಟ್ಟಳು. ಐವತ್ತೆರಡು ಎಂದು ಹಲಗೆ ಹೊಳೆಯಿತು.
ಏಟು?
ನಿನ್ನೆ ಬಿದ್ದ ಹಾಗೆಯೇ ಬಿತ್ತು.

ಆಗ ಕೂತು ನೂಡಲ್ಸು ಮುಚ್ಚಳದ ಹಿಂಬದಿಗೆ ಲೆಕ್ಕ ಹಾಕಿದೆ:
ಸೆಕೆಂಡಿಗೆ ಇಪ್ಪತ್ತೈದು ಫ್ರೇಮು.
ಬರಿಗೈಯಲ್ಲಿ ಒಂದು ಏಟಿಗೆ ಒಂಬತ್ತು ಬೇಕು.
ವೇಗ ನಲವತ್ತು ಮುಟ್ಟಿದರೆ ಎಂಟು.
ಆಮೇಲೆ ಅರವತ್ತೆಂಟರ ತನಕ ಎಂಟೇ, ಎಂಟೇ.
ಅರ್ಧ ಫ್ರೇಮು ಎಂಬುದು ಆ ಲೋಕದಲ್ಲಿಲ್ಲ.
ಹನಿಗೂಡಿದರೆ ಹಳ್ಳ ಅನ್ನುತ್ತಾರಲ್ಲ,
ಅಲ್ಲಿ ಹನಿಗೂಡಿದರೆ ಹನಿಗಳು, ಅಷ್ಟೆ.

ಶಾಲೆಯ ಹುಡುಗರು ಈ ಮಾತಿಗೆ ನನ್ನ ಮೇಲೆ ಎಗರಾಡಿದ್ದುಂಟು.
ಅವಳು ನಕ್ಕಳು, ಮೂಗಿನಿಂದ.
"ನಮ್ಮ ಷೆಡ್ಡಿನ ಕೂಲಿಯ ಹಾಗೆ" ಅಂದಳು.
"ನಲವತ್ತು ಕಿಲೋ ಮುಟ್ಟಿದವಳಿಗೆ ಮೇಲುಕೂಲಿ.
ಮೂವತ್ತೊಂಬತ್ತೂವರೆಗೆ ಸೊನ್ನೆ.
ನಾನು ನಲವತ್ತೇಳು ಬಿಡಿಸುತ್ತೇನೆ.
ಮುಂದಿನ ಮೆಟ್ಟಿಲು ಐವತ್ತೈದು, ನನ್ನ ಮಣಿಕಟ್ಟಿಗೆ ಅದು ಎಟುಕದು.
ಆ ಏಳು ಕಿಲೋ, ನೀರಿನಲ್ಲಿ ಮಾಡಿದ ಹೋಮ."

ಉಂಗುರ ಕಳಚಿದಳು, ನನ್ನ ಕಡೆ ನೋಡಲಿಲ್ಲ.
ರಕ್ತ ಹೆಚ್ಚಿಸುವ ಹಳೆಯ ತಾಮ್ರದ್ದೊಂದನ್ನು ತೊಟ್ಟಳು.
ಉಂಗುರವನ್ನು, ಯಾರೋ ಗುರುತಿಲ್ಲದ ಬಿಲ್ಲುಗಾತಿ
ಇಪ್ಪತ್ತೆಂಟರಲ್ಲಿ ಒದ್ದಾಡುತ್ತಿದ್ದಳಲ್ಲ,
ಅವಳ ಕಾಲ ಬಳಿ ಎಸೆದು ಬಂದಳು.

ಒಂದು ಸಂಜೆ ಅವಳು ಮರೆತ ಕನ್ನಡಕ ಹಿಡಿದು
ಷೆಡ್ಡಿಗೆ ಹೋದೆ.
ಚಾಕು ಚಿಪ್ಪಿನ ಕೀಲಿಗೆ ಹೊಕ್ಕು ತಿರುಗುವ ಸದ್ದು,
ಐವತ್ತು ಕೈ, ಒಂದೂ ಒಂದರ ತಾಳಕ್ಕೆ ಕೂಡದ ಸದ್ದು.
ತೂಕದ ಹೊತ್ತು. ಮೇಸ್ತ್ರಿಗೆ ಫೋನು ಬಂತು.
ಅವನು ಬೆನ್ನು ತಿರುಗಿಸಿದ,
ಗಿಲ್‌ರಾನ್ ತನ್ನ ಬೋಗುಣಿ ಓರೆ ಮಾಡಿದಳು.
ಬಿಳಿಯ ಮಾಂಸ ಜಾರಿತು, ಸದ್ದಿಲ್ಲದೆ,
ನಾಲ್ಕು ಕಿಲೋ ಮೊ ಚೊಂಗ್‌ಜಾಳ ಬೋಗುಣಿಗೆ,
ಎಪ್ಪತ್ತೊಂದರ ಮುದುಕಿ, ಮಣಿಕಟ್ಟಿಗೆ ಕರಿಯ ಪಟ್ಟಿ.
ಮೂರು ಕಿಲೋ ಲಿಯೆನ್‌ಗೆ.
ಹೈಫೋಂಗ್‌ನಿಂದ ಬಂದು ತಿಂಗಳಾಗದ ಹುಡುಗಿ,
ಬೆರಳ ತುಂಬ ಗಾಯ.
ಯಾರೂ ಯಾರಿಗೂ ತಲೆಯಾಡಿಸಲಿಲ್ಲ.
ತಕ್ಕಡಿ ಓದಿತು: ನಲವತ್ತು. ನಲವತ್ತು.
ನಲವತ್ತು ಮತ್ತೊಂದು ಚೂರು.

ಮಾರ್ಚಿಯಲ್ಲಿ ಒಂದು ರಾತ್ರಿ ತಡವಾಗಿ ಬಂದಳು.
ಆಟ ತೆರೆದಳು, ಆಡಲಿಲ್ಲ.
ಹಿಮದಲ್ಲಿ ಹುಳಿಮೂಲಂಗಿ ಸುಮ್ಮನೆ ಉಸಿರಾಡುತ್ತಿದ್ದ.
"ಮೇಸ್ತ್ರಿಗೆ ಅನುಮಾನ ಬಂದಿದೆ.
ಸೋಮವಾರದಿಂದ ಮೆಟ್ಟಿಲು ನಲವತ್ತಮೂರಂತೆ. ಪೆನ್ಸಿಲು ಕೊಡು."

ಮುಚ್ಚಳ ಮಗುಚಿ ಮೂರು ಹೆಸರು ಬರೆದಳು,
ಎದುರಿಗೆ ಕಿಲೋ. ಕೂಡಿದಳು, ಕಳೆದಳು.
ಒಂಬತ್ತು ಕಿಲೋ ಸಾಲದು.
ನಾನು ಬಾಯಿ ತೆರೆದೆ, ಮುಚ್ಚಿದೆ.
ಆ ಉಂಗುರ ಕೊಡಿಸಿದವನ ಸಲಹೆ ಯಾರಿಗೆ ಬೇಕು.

ನೂಡಲ್ಸು ತಣ್ಣಗಾಯಿತು.
ಕೊನೆಗೆ ಮುಚ್ಚಳದ ಅಂಚಿನಲ್ಲಿ, ಒತ್ತಿ, ಇನ್ನೆರಡು ಹೆಸರು.
"ಬಾಗಿಲ ಪಕ್ಕದ ಮೇಜು. ಅಕ್ಕತಂಗಿಯರು.
ಇಬ್ಬರದೂ ದಿನಾ ನಲವತ್ತೊಂಬತ್ತಕ್ಕೆ ಬಂದು ನಿಲ್ಲುತ್ತದೆ."
ಹಾಗಾದರೆ ಲೆಕ್ಕ ಕೂಡಿತಲ್ಲ ಚಿಕ್ಕಮ್ಮ, ಅಂದೆ.
"ಕೂಡಿತು" ಅಂದಳು.
"ಹನ್ನೊಂದು ವರ್ಷದಿಂದ ಅವರೊಡನೆ ಮಾತಿಲ್ಲ."